ನಾಲಿಗೆಗೆ ಅಂಟುವ ಕಲ್ಲು

ಕಿರ್, ಕಿರ್, ಟಿಕ್. ಅಣ್ಣ ಸೂಜಿಯಲ್ಲಿ ಕಲ್ಲು ಕೆರೆಯುತ್ತಿದ್ದ ಸದ್ದು. ಮೊನ್ನೆ ಹಾಸನದಲ್ಲಿ ಡೆಂಟಿಸ್ಟ್ ಹುಡುಗಿ ನನ್ನ ಅಳಿದುಳಿದ ಹಲ್ಲುಗಳನ್ನು ಕ್ಲೀನ್ ಮಾಡುವಾಗ ಅದೇ ಸದ್ದು ಬಾಯೊಳಗೆ ಕೇಳಿಸಿತು. "ನೋವಾಯ್ತಾ ಆಂಟಿ?" ಅಂದಳು. ಬಾಯಿ ತೆರೆದುಕೊಂಡೇ ಅಳುವವರ ಮುಖ ಎಷ್ಟು ವಿಕಾರವಾಗಿರುತ್ತದೆಂದು ನೀವು ನೋಡಿರಲಿಕ್ಕಿಲ್ಲ. ನಾನು ದೀಪದ ಗಾಜಿನಲ್ಲಿ ನೋಡಿದೆ.

ಅಣ್ಣ ಭೂವಿಜ್ಞಾನಿ. ಗೋದಾವರಿ ಕಣಿವೆಯ ಗೋಂಡ್ವಾನ ಶಿಲೆಗಳ ಕೆಂಪು ಜೇಡಿಯಲ್ಲಿ ಪುರಾತನ ಪ್ರಾಣಿಗಳ ಮೂಳೆ ಹುಡುಕುವುದು ಅವನ ಕೆಲಸ. ಒಂದು ವರ್ಷ ಕಾಮಾಲೆ ಹಿಡಿಸಿಕೊಂಡು ಹೊಳೆನರಸೀಪುರದ ಮನೆಗೆ ಬಂದ. ಜೊತೆಯಲ್ಲಿ ಗೋಣಿಪಟ್ಟಿ, ಪ್ಲಾಸ್ಟರ್ ಸುತ್ತಿದ ಒಂದು ದವಡೆ, ಯಾವುದೋ ಸರೀಸೃಪದ್ದು. ಅದರಂಥ ಹಲ್ಲಿನ ಪ್ರಾಣಿ ಇತ್ತೆಂದು ಹೇಳಿದ್ದಕ್ಕೆ ಅವನ ಮೇಲಧಿಕಾರಿಗಳು ನಕ್ಕಿದ್ದರಂತೆ. ಕಲ್ಲಿನಿಂದ ಆ ಹಲ್ಲುಗಳನ್ನು ಬಿಡಿಸಿ ತೋರಿಸಬೇಕಿತ್ತು. ಅಷ್ಟು ವರ್ಷದ ಅಲೆದಾಟಕ್ಕೆ ಅವನ ಬಳಿ ಬೇರೆ ಸಾಕ್ಷಿ ಇರಲಿಲ್ಲ.

ಉದುರಿದ ಚೂರೊಂದನ್ನು ನನ್ನ ಬಾಯಿಗೆ ಹಿಡಿದ. "ನೆಕ್ಕೇ."

ಕಾನ್ವೆಂಟಿನಲ್ಲಿ ನ್ಯಾಪ್‌ಕಿನ್ ಮಡಚಲು ಕಲಿತವಳು ನಾನು. "ಡಿಸ್‌ಗಸ್ಟಿಂಗ್!" ಅಂದು, ನೆಕ್ಕಿದೆ. ನಾಲಿಗೆ ಅಂಟಿಕೊಂಡಿತು.

"ಒಳಗೆಲ್ಲಾ ಸಣ್ಣ ಸಣ್ಣ ತೂತು. ಒಣಗಿದ ಮೂಳೆ ಅಂಟುತ್ತೆ, ಬರೀ ಕಲ್ಲು ಅಂಟಲ್ಲ. ನಮ್ಮೂರ ಬಂಡೆ ನೆಕ್ಕೋಕೆ ಹೋಗ್ಬೇಡ, ವೇಸ್ಟು. ಅವು ಹುಟ್ಟಿದಾಗ ಮೂಳೆ ಅನ್ನೋದೇ ಹುಟ್ಟಿರಲಿಲ್ಲ."

ರಕ್ತಪರೀಕ್ಷೆಗೆಂದು ನಾವಿಬ್ಬರೂ ಹಾಸನಕ್ಕೆ ಹೋಗಿ ಬಂದ ದಿನ, ಅವನ ಮೇಜು ಖಾಲಿಯಾಗಿತ್ತು, ತೊಳೆದಿತ್ತು. ಅಮ್ಮನ ಸೆರಗು ಒದ್ದೆ.

"ವೊಳೇಗೆ ಬುಟ್ಟೆ ಕಣ್ಲಾ. ಅರಿಶ್ನ, ಊವ ಎಲ್ಲಾ ಆಕಿ ಬುಟ್ಟೆ. ಯಾರ್ದೋ ಮೂಳೆ ಮನೇಲಿ ಮಡೀಕಂಡು ಕುಂತಿದ್ರೆ ನೀ ಎಂಗ್ಲಾ ಉಸಾರಾಯ್ತೀಯ?"

"ಮನುಷ್ಯಂದಲ್ಲ ಕಣಮ್ಮ ಅದು. ಸತ್ತು ಕೋಟ್ಯಂತರ ವರ್ಷ ಆಗಿದೆ."

ಅಮ್ಮ ಗಲ್ಲದ ಮೇಲೆ ಕೈಯಿಟ್ಟಳು. "ಅಯ್ಯೋ ಸಿವ್ನೇ! ಅಷ್ಟ್ ಕಾಲದಿಂದ ಒಂದು ತಿಥಿನೂ ಕಾಣ್ದೆ ಬಿದ್ದಿತ್ತಾ?"

ನಾನು ನಕ್ಕುಬಿಟ್ಟೆ. ಅಣ್ಣ ನಗಲಿಲ್ಲ.

ಮಾರನೆಯ ದಿನದಿಂದ ಅವನು ಹೇಮಾವತಿಯಲ್ಲಿ. ಮಣ್ಣು ಮೆತ್ತಿದ ದವಡೆ ಒಡೆದಿದ್ದರೆ, ಕಣ್ಣಿಗೆ ಅದೂ ಒಂದು ಹೊಳೆಗಲ್ಲೇ. ಒದ್ದೆಯಿದ್ದಾಗ ನಾಲಿಗೆಗೂ ತಿಳಿಯುವುದಿಲ್ಲ. ಅವನು ಹೆಕ್ಕಿ ದಡಕ್ಕೆ ಎಸೆದದ್ದನ್ನು ನಾನು ಹೊಳೆಯ ಮೆಟ್ಟಿಲ ಮೇಲೆ ಸಂಡಿಗೆಯಂತೆ ಹರವುತ್ತಿದ್ದೆ. ಒಣಗಿದ ಮೇಲೆ ಒಂದೊಂದನ್ನೇ ನೆಕ್ಕುತ್ತಿದ್ದ, ಹಳದಿ ಕಣ್ಣು ಮುಚ್ಚಿಕೊಂಡು.

"ಏನ್ ಸಾ, ಉಪ್ಪು ಸರಿಯಾಗೈತಾ?" ಸ್ನಾನಕ್ಕೆ ಬಂದವನೊಬ್ಬ ಕೇಳಿದ.

"ಇನ್ನೂ ಬೆಂದಿಲ್ಲ ಕಣಪ್ಪ," ಅಂದ ಅಣ್ಣ.

ಹೊಳೆ ಅವನನ್ನೂ ಇಟ್ಟುಕೊಂಡಿತು. ದೇಹ ಸಿಗಲಿಲ್ಲ. ಬಿಡಲು ಅಸ್ಥಿಯಿಲ್ಲದೆ ಅಮ್ಮ ಬರೀ ಅರಿಶಿನ, ಹೂವು ಬಿಟ್ಟು ಬಂದಳು.

ಅವನು ಹೋದ ಆ ಸಂಜೆಯನ್ನು ಇಷ್ಟು ವರ್ಷ ನಾನು ಹತ್ತಿರ ಬಿಟ್ಟುಕೊಂಡಿರಲಿಲ್ಲ. ಡೆಂಟಿಸ್ಟ್ ಹುಡುಗಿ ಕೊನೆಗೆ ಬಾಯಿಗೆ ಹತ್ತಿಯಿಟ್ಟಳು. ಒಣ ಹತ್ತಿ ನಾಲಿಗೆಗೆ ಅಂಟಿಕೊಂಡಿತು. ತೆಗೆಯಲು ಹೋದಳು, ಬೇಡವೆಂದು ಕೈ ಅಲ್ಲಾಡಿಸಿದೆ. ಕಣ್ಣು ಮುಚ್ಚಿದೆ.

ಮೇಲೆ ಗೊರೂರಿನ ಕಡೆ ಮಳೆ. ಹೊಳೆ ಕೆಂಪಾಗುತ್ತಿತ್ತು. ಅಣ್ಣ ಮಂಡಿ ಮುಳುಗುವ ನೀರಲ್ಲಿದ್ದ. "ಸಾಕು, ಬಾರೋ ಅಣ್ಣ!" ಕೂಗಿದೆ. "ಇದೊಂದು ಕಣೇ," ಎಂದು ಬಗ್ಗಿ ಏನನ್ನೋ ಎತ್ತಿದ. ನನ್ನತ್ತ ಎಸೆಯಲಿಲ್ಲ. ಒಣಗಲೂ ಬಿಡದೆ, ನೀರು ಸೋರುವ ಆ ಕಲ್ಲನ್ನೇ ನಾಲಿಗೆಗಿಟ್ಟುಕೊಂಡ.