ಕಾವಲಿಗೆ ಬಂದವರ ಚಹಾ

ಗಂಡ ತೀರಿಕೊಂಡ ಮೇಲೆ ಟೈಲರಮ್ಮನನ್ನು ಮನೆ ಬಿಡಿಸಲು ಮೈದುನ ದಿನವೂ ಬಂದು, ಹೊಲಿಗೆ ಯಂತ್ರವನ್ನು ಬೀದಿಗೆ ಎಸೆಯುತ್ತೇನೆಂದು ಕೂಗಾಡುತ್ತಿದ್ದ. ಅವಳು ಕೋರ್ಟಿಗೆ ಹೋದಳು. ಕೋರ್ಟು ಕಾವಲಿಗೊಬ್ಬ ಪೊಲೀಸನನ್ನು ಹಾಕಿಸಿತು.

ಪೊಲೀಸಪ್ಪ ಬಂದವನೇ ಒಳಗೆ ಕುರ್ಚಿ ಎಳೆದುಕೊಂಡು, "ಅಕ್ಕಾ, ಒಂದು ಚಹಾ" ಎಂದ. ಜಗಳಕ್ಕೆ ಬಂದ ಮೈದುನ ಅವನನ್ನು ಕಂಡು ಮೆತ್ತಗಾಗಿ, "ಅತ್ತಿಗೆ, ನನಗೂ" ಎಂದು ಪಕ್ಕದಲ್ಲೇ ಕೂತ. ಬರಬರುತ್ತಾ ಇಬ್ಬರೂ ಊಟಕ್ಕೂ ಕೂರತೊಡಗಿದರು. ಗಿರಾಕಿಗಳ ಬಟ್ಟೆ ಕತ್ತರಿಸಿದಲ್ಲೇ ಬಿದ್ದಿತ್ತು. ಮೈದುನನ ಕೈಲಾಗದ್ದನ್ನು ಕಾವಲು ಮಾಡಿತ್ತು: ಯಂತ್ರ ನಿಂತೇಹೋಗಿತ್ತು.

ಒಂದು ದಿನ ಚಹಾ ಕೇಳಿದಾಗ ಅವಳು ಯಂತ್ರದ ಮುಂದಿನಿಂದ ಏಳಲಿಲ್ಲ.

"ನನ್ನ ಕಾಯೋಕೆ ಕೋರ್ಟು ನಿಮಗೆ ಹೇಳಿದೆ. ನಿಮ್ಮನ್ನ ಸಾಕೋಕೆ ನನಗೆ ಹೇಳಿಲ್ಲ."

ಪೊಲೀಸಪ್ಪ ತಲೆ ಕೆರೆದುಕೊಂಡು ಮೈದುನನತ್ತ ತಿರುಗಿದ.

"ನಿಮ್ಮಿಂದಲೇ ಅಲ್ವೇನ್ರೀ ನಾನಿಲ್ಲಿ ಕೊಳೀತಿರೋದು? ಎದ್ದು ನೀವೇ ಮಾಡಿ. ಹಾಗೇ ಪಾತ್ರೆನೂ ತೊಳೀರಿ."

"ನಾನಾ? ನೀವೇ ಮಾಡ್ಕೋಬಹುದಲ್ಲ!"

"ನಾನು ಡ್ಯೂಟೀಲಿದೀನಿ."

ಮೈದುನ ಲಾಠಿಯನ್ನು ನೋಡಿದ, ಒಲೆಯನ್ನು ನೋಡಿದ. ಲಾಠಿಗೆ ಹೆದರಿ ಓಡದವನು ಒಲೆಗೆ ಹೆದರಿ ಚಪ್ಪಲಿ ಮೆಟ್ಟಿದ. ಮತ್ತೆ ಆ ಕಡೆ ತಲೆ ಹಾಕಲಿಲ್ಲ.