ಗಾಳಿ ನಿಂತಾಗ

ನಮ್ಮ ಪಕ್ಕದ ಮನೆ ಚಾಚಿಯ ಎಡ ಮಣಿಕಟ್ಟಿನ ಸುತ್ತ ಹಗ್ಗ ಕೊರೆದ ಗುರುತೊಂದು ಬಳೆಯ ಹಾಗೆ ಉಳಿದಿತ್ತು. ತಿಪಟೂರಿನ ಟೈಲರನ್ನು ಮದುವೆಯಾಗಿ ಬರುವ ಮುಂಚೆ ಆಕೆ ಅರಬ್ಬಿ ಸಮುದ್ರದ ಪುಟ್ಟ ದ್ವೀಪವೊಂದರ ಹುಡುಗಿ. ಚಿಕ್ಕಂದಿನಲ್ಲಿ ಚಂಡಮಾರುತ ಬಂದಾಗ ಅಪ್ಪ ಆಕೆಯನ್ನೂ ತಮ್ಮನನ್ನೂ ತೆಂಗಿನ ಮರಕ್ಕೆ ಕಟ್ಟಿದ್ದನಂತೆ. ನಡುವೆ ಗಾಳಿ ನಿಂತಿತು. ಮುಗಿಯಿತೆಂದುಕೊಂಡು ತಾಯಿ ಬಿದ್ದ ಕಾಯಿ ಆಯಲು ಹೋದಳು. ಗಾಳಿ ಇನ್ನೊಂದು ದಿಕ್ಕಿನಿಂದ ತಿರುಗಿ ಬಂತು, ತಾಯಿ ಬರಲಿಲ್ಲ.

ಹಾಗಾಗಿ ಚಾಚಿಗೆ ಗಾಳಿಯ ಭಯವಿರಲಿಲ್ಲ, ಅದು ನಿಂತರೆ ಭಯ. ತೋಟದ ಗರಿಗಳು ಅಲುಗದಿದ್ದರೆ ಸಾಕು, ಮಟಮಟ ಮಧ್ಯಾಹ್ನವೇ ಅಗುಳಿ ಹಾಕಿಕೊಳ್ಳುತ್ತಿದ್ದಳು. ನಾವು ನಗುತ್ತಿದ್ದೆವು.

"ನಗ್ರಪ್ಪ. ಬಿದ್ದ ಕಾಯಿ ಕಂಡ್ರೆ ನಿಮ್ ಕಾಲೂ ಒಳಗ್ ನಿಲ್ಲಲ್ಲ," ಎನ್ನುತ್ತಿದ್ದಳು. ಸುಳ್ಳಲ್ಲ. ನಮ್ಮಮ್ಮ ಗುಡುಗಿನಲ್ಲೂ ಮಂಕರಿ ಹಿಡಿದು ತೋಟಕ್ಕೆ ಓಡುವವಳೇ.

ಮತ್ತೆ ಆ ದ್ವೀಪಕ್ಕೆ ದೊಡ್ಡ ಚಂಡಮಾರುತ ಬಂದ ದಿನ ಚಾಚಿ ಫೋನ್ ಹಿಡಿದು ನಮ್ಮ ಪಡಸಾಲೆಯಲ್ಲಿ ಕೂತಿದ್ದಳು. ಅಲ್ಲಿ ದ್ವೀಪದವರೆಲ್ಲ ಮಸೀದಿಯೊಳಗೆ, ಜೊತೆಗೆ ಅವಳ ತಮ್ಮ. ಫೋನಿನಲ್ಲಿ ಬರೀ ಮೊರೆತ. ಆಮೇಲೆ ಅದೂ ನಿಂತಿತು. ಜನ ಕಾಯಿ ಆಯಲು ಹೊರಟಿದ್ದಾರೆ, ನನ್ನ ಮಾತು ಯಾರೂ ಕೇಳುತ್ತಿಲ್ಲ ಎಂದ ತಮ್ಮ. ಮಸೀದಿಯಲ್ಲಿರೋ ಬ್ಯಾಟರಿಯ ಕೈಮೈಕಿಗೆ ಫೋನ್ ಹಿಡಿ ಎಂದಳು ಚಾಚಿ. ಅವನು ಎರಡನ್ನೂ ಹಿಡಿದುಕೊಂಡೇ ಹೊರಗೆ ನಡೆದ. ಒಳಗೆ ಬನ್ನಿ, ಒಳಗೆ ಬನ್ನಿ ಎಂದು ತನ್ನ ಭಾಷೆಯಲ್ಲಿ ಆಕೆ ಕೂಗಿದ್ದು, ದ್ವೀಪವನ್ನೆಲ್ಲ ಸುತ್ತಿ ಅದೇ ಫೋನಿನಿಂದ ನಮಗೆ ಮತ್ತೆ ಕೇಳುತ್ತಿತ್ತು. ಇಲ್ಲೂ ಒಂದು ಗರಿ ಅಲುಗುತ್ತಿರಲಿಲ್ಲ. ಅಟ್ಟದ ಮೇಲೆ ಕೊಬ್ಬರಿಗೆಂದು ಒಣಗಲು ಬಿಟ್ಟಿದ್ದ ಕಾಯಿಯೊಂದು ತಾನಾಗಿ ಉರುಳಿತು. ಲೈನ್ ಕಡಿಯಿತು.

ಆ ದನಿ ಕೇಳಿ ಜನರೆಲ್ಲ ಒಳಗೆ ಬಂದರಂತೆ. ಕರೆಯುತ್ತಾ ದಂಡೆಯ ಕೊನೆಯವರೆಗೂ ಹೋದ ತಮ್ಮ ಬರಲಿಲ್ಲ. ಸುದ್ದಿ ಬಂದಾಗ ಚಾಚಿ ಅಳಲಿಲ್ಲ.

"ನನ್ ದನೀನೂ ಅವನ್ ಜೊತೇಲೇ ಹೊರಗೈತೆ ಕಣಪ್ಪ," ಎಂದಳು.

ಅಲ್ಲಿಂದ ಮುಂದೆ ಗಾಳಿ ನಿಂತಾಗ ಬಾಗಿಲು ತೆರೆದಿಟ್ಟು, ಹೊಸಿಲ ಮೇಲೆ ಕೂತು ಅದೇ ಮಾತಿನಲ್ಲಿ ಕರೆಯುತ್ತಿದ್ದಳು. ನಾವ್ಯಾರೂ ನಗಲಿಲ್ಲ. ಹೋದ ವರ್ಷ ಹಾಗೆ ಕರೆಯುತ್ತಲೇ ತೀರಿಕೊಂಡಳು. ಆ ಮನೆಗೆ ಬೀಗ ಬಿದ್ದಿದೆ.

ಮೊನ್ನೆ ಮಧ್ಯಾಹ್ನ ಬೀಸುತ್ತಿದ್ದ ಗಾಳಿ ಥಟ್ಟನೆ ನಿಂತಿತು. ತೋಟದ ತುಂಬ ಕಾಯಿ ಬಿದ್ದಿದ್ದವು. ಮಂಕರಿ ಎತ್ತಿಕೊಂಡ ಅಮ್ಮ ಹೊಸಿಲಲ್ಲೇ ನಿಂತಳು. ಪಕ್ಕದ ಮನೆಯ ಕಡೆ ಕಿವಿಗೊಟ್ಟಳು.

"ಕರೀತಾವ್ಳೆ ಅಲ್ವೇನೋ?" ಎಂದಳು.

ಹೌದೆಂದು ಅಮ್ಮನನ್ನು ಒಳಗೆ ಕರೆದುಕೊಂಡು ಅಗುಳಿ ಹಾಕಿದೆ.