ಕೀಲಿ ಮಾವನ ಕಂಪ್ಯೂಟರ್ ಕಾವಲು

ಕೀಲಿ ಮಾವನ ಮನೆಗೆ ಹೋಗುವವರು ಹೊಟ್ಟೆ ತುಂಬ ಉಂಡು ಹೋಗುವುದು ಒಳ್ಳೆಯದು. ಏಕೆಂದರೆ ಕರೆಗಂಟೆ ಒತ್ತಿದ ಮೇಲೆ ಬಾಗಿಲು ತೆರೆಯುವಷ್ಟರಲ್ಲಿ ಮತ್ತೆ ಹಸಿವಾಗುತ್ತದೆ. ಮೊದಲು ಮೇಲಿನ ಚಿಲಕ ಸರಿಯುವ ಸದ್ದು, ಆಮೇಲೆ ಕೆಳಗಿನದು, ನಡುವಿನ ಅಗುಳಿ, ಸರಪಳಿ, ಅದೆಲ್ಲ ಮುಗಿದ ಮೇಲೆ ಕೀಲಿಗೊಂಚಲಿನ ಝಣಝಣ. ಅಂಚೆಯವನೊಬ್ಬ ಆ ಮೆಟ್ಟಿಲ ಮೇಲೆ ಕಾದು ಕಾದು ಅಲ್ಲೇ ನಿವೃತ್ತನಾದ ಎಂದು ಬೀದಿಯವರು ಹೇಳುತ್ತಾರೆ. ಅದು ಶುದ್ಧ ಸುಳ್ಳು. ಅವನಿಗೆ ಬರೀ ಬಡ್ತಿ ಸಿಕ್ಕಿತು.

ಮಾವ ಬೀಗ ಮಾರಿ, ಬೀಗ ರಿಪೇರಿ ಮಾಡಿ, ಕಳೆದುಹೋದ ಕೀಲಿಗೆ ಇನ್ನೊಂದನ್ನು ಅರದಿಂದ ಉಜ್ಜಿ ಕೊಟ್ಟು ಬಾಳಿದವರು. ಮಾರುಕಟ್ಟೆಯ ಮೆಟ್ಟಿಲ ಕೆಳಗಿನ ಅವರ ಅಂಗಡಿ ಎಷ್ಟು ಕಿರಿದೆಂದರೆ, ಗಿರಾಕಿ ಒಳಗೆ ಬರಬೇಕಾದರೆ ಮಾವ ಹೊರಗೆ ಬರಬೇಕು. ಅಷ್ಟು ಜಾಗದಲ್ಲೂ ಅವರಿಗೊಂದು ನೇಮ. ಬೀಗ ಕೊಂಡವನ ಕೈಯಲ್ಲೇ ಎರಡೂ ಕೀಲಿ ಕೊಟ್ಟು, ಅಲ್ಲೇ ಹಾಕಿಸಿ, ಅಲ್ಲೇ ತೆಗೆಸಿ ನೋಡದೆ ಕಳಿಸುತ್ತಿರಲಿಲ್ಲ. "ಬೀಗ ಇರೋದು ತೆಗೆಯೋಕಪ್ಪಾ. ಬರೀ ಮುಚ್ಚೋಕಾದ್ರೆ ಗೋಡೆ ಸಾಕು" ಎನ್ನುತ್ತಿದ್ದರು.

ಇಂಥವರ ಮನೆಗೆ ಕಂಪ್ಯೂಟರ್ ಬಂದದ್ದು ಅವರ ಹೆಂಡತಿಯ ನಾಟಕದ ದೆಸೆಯಿಂದ. ಇಡೀ ಬೀದಿಗೇ ಅತ್ತೆಯಾದ ಆಕೆ ಹರೆಯದಿಂದಲೂ ಒಂದು ನಾಟಕ ಬರೆಯಬೇಕೆಂದು ಹಂಬಲಿಸಿದವರು. ಮಕ್ಕಳು, ಒಲೆ, ಬಟ್ಟೆ ಎನ್ನುತ್ತ ತಲೆಗೂದಲು ನರೆತ ಮೇಲೆ ಪುರುಸೊತ್ತು ಸಿಕ್ಕಿತು. ಕೈಬರಹವನ್ನು ಸ್ವತಃ ಅವರೇ ಓದಲಾರದಷ್ಟು ಚೆಂದವಾಗಿ ಬರೆಯುತ್ತಿದ್ದುದರಿಂದ ಕಂಪ್ಯೂಟರ್ ಬೇಕಾಯಿತು. ಒಂದೇ ಒಂದು ತೋರುಬೆರಳಿನಿಂದ, ಹುಣ್ಣು ಒತ್ತಿ ನೋಡುವವರಂತೆ, ಒಂದೊಂದೇ ಅಕ್ಷರ ಕುಟ್ಟಿ ಮೂರಂಕದ ನಾಟಕ ಬರೆದರು. ಒಂದೇ ಅಡುಗೆಮನೆಯಲ್ಲಿ ಸಿಕ್ಕಿಕೊಂಡ ಓರಗಿತ್ತಿಯರ ಕಥೆ. ಬೀದಿಯ ಹೆಂಗಸರೇ ಪಾತ್ರಧಾರಿಗಳು. ಸಮುದಾಯ ಭವನ ಭಾನುವಾರ ಸಂಜೆಗೆ ಸಿಕ್ಕಿತ್ತು.

ಮೊದಲೆರಡು ಅಂಕ ಎಲ್ಲರಿಗೂ ಬಾಯಿಪಾಠವಾಗಿತ್ತು. ಮೂರನೆಯದನ್ನು ಮಾತ್ರ ಅತ್ತೆ ಯಾರಿಗೂ ತೋರಿಸಿರಲಿಲ್ಲ. ಯಾರಿಗೆ ಎಷ್ಟು ಮಾತು ಎಂದು ಮೊದಲೇ ಗೊತ್ತಾದರೆ, ನಾಟಕದಲ್ಲಿ ನಡೆಯಬೇಕಾದ ಜಗಳ ಬೀದಿಯಲ್ಲೇ ನಡೆದುಹೋಗುತ್ತದೆ ಎಂಬ ಭಯ. ಹೀಗಾಗಿ ಮೂರನೆಯ ಅಂಕ ಕಂಪ್ಯೂಟರಿನ ಹೊಟ್ಟೆಯಲ್ಲಿ ಮಾತ್ರ ಇತ್ತು.

ಆ ಹೊಟ್ಟೆಯ ಕಾವಲು ಮಾವನದು. ವೈರಸ್ ಎಂಬ ಕಳ್ಳ ಕಂಪ್ಯೂಟರಿಗೂ ನುಗ್ಗುತ್ತಾನೆ ಎಂದು ಯಾರೋ ಹೇಳಿದ್ದೇ ತಡ, ಮಾವನ ಮೈಯಲ್ಲಿ ಹಳೆಯ ರಕ್ತ ಕುದಿಯಿತು. ಒಂದು ಆಂಟಿವೈರಸ್ ಹಾಕಿಸಿದರು. ಒಂದು ಬಾಗಿಲಿಗೆ ಒಂದೇ ಬೀಗವೇ, ಛೆ, ಎಂದು ಇನ್ನೊಂದು ಹಾಕಿದರು. ಅದನ್ನು ಕಾಯಲು ಮತ್ತೊಂದು, ಮತ್ತೊಂದು ನಿದ್ದೆ ಹೋದರೆ ಎಂದು ಮಗದೊಂದು. ಒಂದೇ ಕೋಣೆಯಲ್ಲಿ ನಾಲ್ವರು ಕಾವಲುಗಾರರು ಕತ್ತಲಲ್ಲಿ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದು, "ಯಾರೋ ನೀನು?" "ನೀನ್ಯಾರೋ?" ಎಂದು ಕೊರಳಪಟ್ಟಿ ಹಿಡಿದುಕೊಂಡು ನಿಂತರು. ಕಂಪ್ಯೂಟರಿಗೆ ಬೇರೆ ಕೆಲಸಕ್ಕೆ ಬಿಡುವೇ ಇಲ್ಲದಂತಾಯಿತು. ಅತ್ತೆ ಒಂದು 'ಅ' ಒತ್ತಿ, ಪಾತ್ರೆ ತೊಳೆದು, ಒರೆಸಿ, ಜೋಡಿಸಿಟ್ಟು ಬಂದರೆ ಆಗಷ್ಟೇ ಆ 'ಅ' ಏದುಸಿರು ಬಿಡುತ್ತ ಪರದೆ ಮೇಲೆ ಬಂದು ನಿಲ್ಲುತ್ತಿತ್ತು.

"ರೀ, ಇದು ಯಾಕೋ ತೆವಳ್ತಾ ಇದೆ."

"ಭದ್ರವಾಗಿರೋದೆಲ್ಲ ನಿಧಾನವೇ ಕಣೇ. ಆಮೆ ನೋಡು."

ಗುರುವಾರ ಬೆಳಗ್ಗೆ ಮಾವ ಹಿತ್ತಾಳೆಯ ಹಳೇ ಬೀಗಗಳ ಚಿತ್ರ ನೋಡುತ್ತ ಕೂತಿದ್ದರು. ಅದು ಅವರ ಏಕಮಾತ್ರ ಚಟ. ಇದ್ದಕ್ಕಿದ್ದಂತೆ ಪರದೆ ಕೆಂಪಾಯಿತು, ಫೈರ್ ಎಂಜಿನ್ನಿನಂತೆ ಕೂಗಿತು. ನಡುವೆ ಕುಂಬಳಕಾಯಿ ಗಾತ್ರದ ಬೀಗದ ಚಿತ್ರ. "ಎಚ್ಚರ! ನಿಮ್ಮ ಕಂಪ್ಯೂಟರಿನಲ್ಲಿ ಸಾವಿರಾರು ವೈರಸ್‌ಗಳಿವೆ. ತಕ್ಷಣ ಬೀಗ ಹಾಕಲು ಇಲ್ಲಿ ಒತ್ತಿ."

ಬೇರೆ ಯಾವ ಚಿತ್ರ ಬಂದಿದ್ದರೂ ಮಾವ ಒತ್ತುತ್ತಿರಲಿಲ್ಲ. ಲಾಟರಿ ಬಂದಿದೆ ಎಂದಾಗ ಒತ್ತಲಿಲ್ಲ, ಯಾವುದೋ ದೇಶದ ರಾಜಕುಮಾರಿ ಒಬ್ಬಳೇ ಇದ್ದೇನೆ ಎಂದು ಬರೆದಾಗಲೂ ಒತ್ತಲಿಲ್ಲ. ಆದರೆ ಬೀಗ! ತವರಿನವರನ್ನು ಕಂಡ ಮದುಮಗಳಂತಾದರು. ಒತ್ತಿದರು. "ಹಳೆಯ ಕಾವಲುಗಾರರನ್ನು ಸುಮ್ಮನಿರಿಸಲೇ?" ಎಂದು ಅದು ಕೇಳಿತು. ಇರಿಸು ಎಂದರು. ಪಾಸ್‌ವರ್ಡ್ ಕೇಳಿತು. ಅತ್ತ ಇತ್ತ ನೋಡಿ, ಕಿಟಕಿಯ ಪರದೆ ಎಳೆದು, ಬೆಕ್ಕನ್ನು ಹೊರಗಟ್ಟಿ, ಅದನ್ನೂ ಕೊಟ್ಟರು.

ಕಂಪ್ಯೂಟರಿನಲ್ಲಿದ್ದ ಕಡತಗಳೆಲ್ಲ ಒಂದೊಂದಾಗಿ ಮಾಯವಾಗತೊಡಗಿದವು. ಪ್ರತಿಯೊಂದರ ಜಾಗದಲ್ಲೂ ಒಂದು ಪುಟ್ಟ ಕೆಂಪು ಬೀಗ. "ಇದು ಸೋಂಕಿತ. ಬಂಧಿಸಲಾಗಿದೆ. ಬಿಡಿಸಲು ನಿಮ್ಮ ಬ್ಯಾಂಕ್ ಕಾರ್ಡಿನ ನಂಬರ್ ಕೊಡಿ." ಅದನ್ನು ಮಾತ್ರ ಮಾವ ಕೊಡಲಿಲ್ಲ. ತಮ್ಮ ನಿಜವಾದ ವಯಸ್ಸನ್ನು ಹೆಂಡತಿಗೇ ಹೇಳದವರು ಕಾರ್ಡಿನ ನಂಬರ್ ಹೇಳುತ್ತಾರೆಯೇ?

ಅತ್ತೆ ಬಂದು ನೋಡಿದಾಗ ಮೂರನೆಯ ಅಂಕವಿದ್ದ ಕಡೆ ಕೆಂಪು ಬೀಗ ನೇತಾಡುತ್ತಿತ್ತು. ಅವರು ಅಳಲಿಲ್ಲ. ಕುರ್ಚಿಯಲ್ಲಿ ಕೂತು ಮೆಲ್ಲಗೆ ಹೇಳಿದರು: "ಭಾನುವಾರ ಜನ ಬರ್ತಾರೆ. ಎರಡು ಅಂಕ ಆಡಿ, ಆಮೇಲೆ ನಾನು ಪರದೆ ಮುಂದೆ ನಿಂತು, ನಮ್ಮನೆಯವರು ಬೀಗ ಹಾಕ್ಬಿಟ್ರು ಅಂತ ಹೇಳ್ಲಾ?"

ಮಾವ ಕೀಲಿಗೊಂಚಲನ್ನು ಬೆನ್ನ ಹಿಂದೆ ಅಡಗಿಸಿದರು.

"ಇನ್ನೊಂದ್ಸಲ ಬರೀಬಹುದಲ್ವೇ ಅತ್ತೇ?" ಎಂದು ಕೇಳಿದವಳು ಹಿರಿಯ ಓರಗಿತ್ತಿಯ ಪಾತ್ರದ ಟೈಲರಮ್ಮ. ಸುದ್ದಿ ಅಷ್ಟರಲ್ಲಾಗಲೇ ಬೀದಿಯ ತುದಿ ಮುಟ್ಟಿ ವಾಪಸ್ ಬಂದಿತ್ತು.

"ಬರೀಬಹುದಾ! ಆ ಮಾತುಗಳು ಮತ್ತೆ ಹುಟ್ಟಲ್ಲಮ್ಮಾ. ಕೊನೇ ದೃಶ್ಯದಲ್ಲಿ ನೀನು ಒಂದು ಮಾತು ಹೇಳ್ತೀಯ ನೋಡು, ಕಲ್ಲು ಕೂಡ ಕರಗ್ಬೇಕು."

"ಏನು ಮಾತು?"

"ಅದೇ ನೆನಪಾಗ್ತಿಲ್ವಲ್ಲ!"

ಮಧ್ಯಾಹ್ನದ ಹೊತ್ತಿಗೆ ಆ ಅಂಕ ಕಲ್ಲು ಕರಗಿಸುವುದನ್ನು ಬಿಟ್ಟು ಬೆಟ್ಟ ಕರಗಿಸತೊಡಗಿತ್ತು. ಅತ್ತೆ ಅದನ್ನು ನೆನೆದಷ್ಟೂ ಅದು ಬೆಳೆಯುತ್ತಿತ್ತು.

ಅತ್ತೆಯ ತಂಗಿಯ ಮಗಳಿಗೆ ಫೋನ್ ಹೋಯಿತು. ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟುಕೊಂಡಿರುವ ಆಕೆಯನ್ನು ಮನೆಯವರೆಲ್ಲ ಚೂಟಿ ಎನ್ನುತ್ತಾರೆ. ಮಕ್ಕಳಿಬ್ಬರನ್ನು ಶಾಲೆಯಿಂದ ಕರೆತಂದು ಮನೆಯಲ್ಲಿ ಬಿಟ್ಟು, ಚೀಲ ಹೆಗಲಿಗೇರಿಸಿ ಬಂದಳು. ಹೊರಗೆ ನಿಂತೇ ಕೂಗಿದಳು: "ದೊಡ್ಡಪ್ಪಾ, ಬೇಗ ತೆಗೀರಿ! ನಂಗೂ ವಯಸ್ಸಾಗ್ತಿದೆ!"

ಒಳಗೆ ಬಂದವಳೇ ಮೊದಲು ಇಂಟರ್‌ನೆಟ್ಟಿನ ವೈರನ್ನು ಕಿತ್ತು ಕೈಯಲ್ಲಿ ಹಿಡಿದಳು. "ಕಳ್ಳ ಮನೇಲಿದ್ದಾಗ ಅವನಿಗೆ ಫೋನ್ ಕೊಡಬಾರದು. ಈಗ ಹೇಳಿ ದೊಡ್ಡಪ್ಪ, ಏನು ಒತ್ತಿದ್ರಿ?"

"ಏನೂ ಒತ್ತಿಲ್ಲ."

ಲೋಕದಲ್ಲಿ ಕಂಪ್ಯೂಟರ್ ಹುಟ್ಟಿದಂದಿನಿಂದ ಈ ಪ್ರಶ್ನೆಗೆ ಬೇರೆ ಉತ್ತರ ಬಂದದ್ದಿಲ್ಲ. ಚೂಟಿ ಸುಮ್ಮನೆ ಅವರ ಮುಖ ನೋಡಿದಳು.

"ಒಂದು ಒತ್ತಿದೆ" ಎಂದರು ಮಾವ.

ಇನ್ನೂ ನೋಡಿದಳು.

"ಅದು ಕೇಳಿದ್ದಕ್ಕೆಲ್ಲ ಹೂಂ ಅಂದೆ. ಆದ್ರೆ ಮರೀ, ಅದು ಕಳ್ಳ ಅಲ್ಲ, ಬೀಗದ ಕಂಪನಿ. ಸ್ವಲ್ಪ ಜಾಸ್ತಿ ಬಿಗಿಯಾಗಿದೆ ಅಷ್ಟೆ."

"ದೊಡ್ಡಪ್ಪ, ಯಾವತ್ತಾದ್ರೂ ಕರೀದೇ ಇರೋ ಮನೆಗೆ ನೀವು ನುಗ್ಗಿ ಬೀಗ ಹಾಕಿ ಬಂದಿದ್ದೀರಾ?"

"ಛೆ! ಯಾವನಾದ್ರೂ ಹಾಗೆ ಮಾಡ್ತಾನಾ?"

"ನಿಮ್ಮ ಅಂಗಡಿ ಬೀಗ ಯಾವತ್ತಾದ್ರೂ ಬೀದೀಲಿ ನಿಂತು, 'ಅಯ್ಯೋ, ನಿಮ್ಮನೇಲಿ ಸಾವಿರ ಕಳ್ಳರಿದ್ದಾರೆ' ಅಂತ ಬಡ್ಕೊಂಡಿದ್ಯಾ?"

ಮಾವ ಕನ್ನಡಕ ಏರಿಸಿ ಪರದೆಯ ಬೀಗವನ್ನು ಇನ್ನೊಮ್ಮೆ ನೋಡಿದರು.

"ಎರಡನೇ ಕೀಲಿ ಕೊಟ್ನಾ ಅವನು? ಹಾಕಿ ತೆಗೆದು ತೋರಿಸಿದ್ನಾ?"

ಇದು ನಾಟಿತು. ಮಾವನ ಮುಖ ಮೊದಲು ಬಿಳುಪಾಗಿ, ಆಮೇಲೆ ಕಂಪ್ಯೂಟರಿನ ಪರದೆಗಿಂತ ಕೆಂಪಾಯಿತು. "ನನ್ನ ಕಸುಬಿನ ವೇಷ ಹಾಕ್ಕೊಂಡು ನನ್ನ ಮನೆಗೇ ಕನ್ನ ಹಾಕ್ದ! ತೆಗಿ ಅವನನ್ನ! ಬೇರುಸಹಿತ ತೆಗಿ!"

"ಅದಕ್ಕೆ ನಿಮ್ಮ ಪಾಸ್‌ವರ್ಡ್ ಬೇಕು."

ಮಾವ ಗಂಟಲು ಸರಿಪಡಿಸಿಕೊಂಡರು. "ಕೀಲಿ ಗುಟ್ಟು ಹೇಳೋದು ನಮ್ಮ ಕಸುಬಿನಲ್ಲಿಲ್ಲ."

"ಕಳ್ಳನಿಗೆ ಹೇಳಿದ್ರಲ್ಲ!" ಎಂದರು ಅತ್ತೆ.

ಕೊನೆಗೆ ರಾಜಿಯಾಯಿತು. ಪಾಸ್‌ವರ್ಡನ್ನು ಮಾವನೇ ಒತ್ತುವುದು, ಉಳಿದವರು ಗೋಡೆಗೆ ಮುಖ ಮಾಡಿ ನಿಲ್ಲುವುದು. ಅಷ್ಟು ಸಾಲದೆಂದು ಮಾವ ಕಂಪ್ಯೂಟರಿನ ಸಮೇತ ತಾವೂ ಹೊದಿಕೆಯೊಳಗೆ ಸೇರಿಕೊಂಡರು. ಹೊರಗೆ ಕಾಣುತ್ತಿದ್ದದ್ದು ಒಂದು ಗುಡ್ಡ, ಅದರೊಳಗಿಂದ ಟಕ್, ಟಕ್, "ಥೂ", ಟಕ್. ಆ ಪಾಸ್‌ವರ್ಡ್ ಎಷ್ಟು ಉದ್ದವಿತ್ತೆಂದರೆ, ಗೋಡೆ ನೋಡುತ್ತಿದ್ದ ಟೈಲರಮ್ಮನಿಗೆ ಸುಣ್ಣದ ಕಲೆಗಳಲ್ಲಿ ತನ್ನ ತಾತನಿಂದ ಹಿಡಿದು ಇಡೀ ವಂಶ ಕಾಣಿಸಿಹೋಯಿತು.

ಚೂಟಿ ಕಂಪ್ಯೂಟರನ್ನು ಸೇಫ್ ಮೋಡಿನಲ್ಲಿ ಎಬ್ಬಿಸಿದಳು. ಮಾವನಿಗೆ ತಿಳಿಯುವಂತೆ ಹೇಳಿದಳು: ಮನೆಯಲ್ಲಿ ಒಂದೇ ಸಣ್ಣ ದೀಪ ಹಚ್ಚಿ, ತೀರಾ ಬೇಕಾದವರನ್ನು ಮಾತ್ರ ಎಬ್ಬಿಸುವುದು. ಕಳ್ಳ ಮಲಗಿಯೇ ಇರುತ್ತಾನೆ, ಹೊತ್ತು ಹೊರಗೆ ಹಾಕಬಹುದು. ಹಾಗೆಯೇ ಆ ಕೆಂಪು ಬೀಗದ ಪ್ರೋಗ್ರಾಮನ್ನು ಕಿತ್ತಳು. ತನ್ನ ಅಂಗಡಿಯಿಂದ ಪೆನ್‌ಡ್ರೈವಿನಲ್ಲಿ ತಂದಿದ್ದ ಶುದ್ಧ ಸ್ಕ್ಯಾನರಿನಿಂದ ಮೂಲೆಮೂಲೆ ಗುಡಿಸಿದಳು. ಕಳ್ಳ ಬಿಟ್ಟುಹೋಗಿದ್ದ ಮರಿಗಳೂ ಸಿಕ್ಕಿದವು. ಒಂದೊಂದು ಸಿಕ್ಕಿದಾಗಲೂ ಮಾವ "ಹೊಡಿ!" ಎಂದು ತೊಡೆ ತಟ್ಟುತ್ತಿದ್ದರು.

"ಈಗ ನಿಮ್ಮ ನಾಲ್ವರು ಕಾವಲುಗಾರರಲ್ಲಿ ಮೂವರನ್ನ ಮನೆಗೆ ಕಳಿಸ್ಬೇಕು."

"ಅವರೇನು ಮಾಡಿದ್ರಮ್ಮಾ ಪಾಪ?"

"ಏನೂ ಮಾಡಿಲ್ಲ, ಅದೇ ತೊಂದರೆ. ಅವರವರೇ ಕಿತ್ತಾಡ್ಕೊಂಡು ಕೂತಿದ್ರು. ಒಬ್ಬ ಸಾಕು, ಆದ್ರೆ ಅವನಿಗೆ ದಿನಾ ಹೊಸ ಕಳ್ಳರ ಗುರುತು ಹೇಳಿಕೊಡ್ಬೇಕು. ಅಪ್‌ಡೇಟ್ ಕೇಳಿದಾಗ ಆಮೇಲೆ, ಆಮೇಲೆ ಅಂತ ತಳ್ಳಬೇಡಿ."

ಮಾವ ಮೂವರನ್ನೂ ಬೀಳ್ಕೊಟ್ಟರು. ಮೂರನೆಯವನನ್ನು ಅಳಿಸುವಾಗ ಅವರ ಕನ್ನಡಕ ಮಂಜಾಯಿತು. ಟೈಲರಮ್ಮ ಅದನ್ನು ಚಹಾದ ಹಬೆ ಎಂದಳು. ಚಹಾ ಅಷ್ಟರಲ್ಲಿ ತಣ್ಣಗಾಗಿತ್ತು.

ಮೂವರು ಕಾವಲುಗಾರರ, ಒಬ್ಬ ಕಳ್ಳನ ಭಾರ ಇಳಿದ ಕಂಪ್ಯೂಟರ್ ಕಟ್ಟು ಬಿಚ್ಚಿದ ಕರುವಿನಂತೆ ಜಿಗಿಯಿತು. ಕಳ್ಳ ಯಾವುದನ್ನೂ ಅಳಿಸಿರಲಿಲ್ಲ, ಹೆದರಿಸಲು ಬಚ್ಚಿಟ್ಟಿದ್ದ ಅಷ್ಟೆ. ಚೂಟಿ ಏನೋ ಒತ್ತಿದಳು. ಕಡತಗಳೆಲ್ಲ ಕಣ್ಣುಜ್ಜಿಕೊಳ್ಳುತ್ತ ಸಾಲಾಗಿ ಹೊರಗೆ ಬಂದವು. ಸಾಲಿನ ಕೊನೆಯಲ್ಲಿ ಮೂರನೆಯ ಅಂಕ.

"ದೊಡ್ಡಮ್ಮಾ, ಬಂತು!"

ಅತ್ತೆ ಸೆರಗಿನಿಂದ ಮುಖ ಒರೆಸಿಕೊಂಡು ಕುರ್ಚಿ ಎಳೆದರು. ಚೂಟಿ ಅದನ್ನು ಹೊಸ ಪೆನ್‌ಡ್ರೈವಿಗೆ ನಕಲು ಮಾಡಿ, ಸಿಗಿಸಿಯೇ ಇಡಬೇಡಿ, ಕಿತ್ತು ಬೇರೆ ಕಡೆ ಇಡಿ ಎಂದು ಕೊಟ್ಟಳು. ಮಾವ ತಮ್ಮ ಪಾಸ್‌ವರ್ಡನ್ನು ಮತ್ತೆ ಹೊದಿಕೆಯೊಳಗೆ ಸೇರಿ ಬದಲಾಯಿಸಿದರು, ಈ ಸಲ ಇನ್ನೂ ಉದ್ದ. ಅವರು ಹೊರಗೆ ಬಂದ ಮೇಲೆ ಅತ್ತೆ ಓದತೊಡಗಿದರು. ಓದಿ ಮುಗಿಸಿದರು. ಮೇಲಿನಿಂದ ಮತ್ತೆ ಓದಿದರು.

"ಆ ಕಲ್ಲು ಕರಗೋ ಮಾತು ಸಿಕ್ತಾ ಅತ್ತೇ?" ಎಂದಳು ಟೈಲರಮ್ಮ.

"ಸಿಕ್ತು."

"ಏನದು?"

"'ತಂಗೀ, ಸಾರಿಗೆ ಉಪ್ಪು ಹಾಕಿದ್ಯಾ?'"

ಸತ್ತ ಎಮ್ಮೆಗೆ ಹಾಲು ಜಾಸ್ತಿ ಎನ್ನುವುದು ಸರಿ. ಆದರೆ ಇಲ್ಲಿ ಎಮ್ಮೆ ಎದ್ದು ಬಂದು ಕೊಟ್ಟಿಗೆಯಲ್ಲಿ ನಿಂತಿತ್ತು, ಕರೆದರೆ ಒಂದು ಲೋಟವೂ ಇಲ್ಲ.

"ಇಷ್ಟು ಸಪ್ಪೆ ಇತ್ತೇನ್ರೀ ಇದು?" ಅತ್ತೆ ಗಂಡನ ಕಡೆ ತಿರುಗಿದರು. "ಬೆಳಗಿಂದ ನನ್ನ ತಲೇಲಿ ಓಡ್ತಿರೋದೇ ಬೇರೆ. ಅದು ಎಷ್ಟು ಚೆನ್ನಾಗಿದೆ!"

"ಹಾಗಾದ್ರೆ ಅದನ್ನೇ ಬರಿ."

"ಒಂದು ಬೆರಳಲ್ಲಿ ಭಾನುವಾರದೊಳಗೆ ಬರೀತೀನಾ?"

ಮಾವ ಆಕೆಯನ್ನು ಎಬ್ಬಿಸಿ ತಾವು ಕೂತರು. ಜೀವಮಾನವೆಲ್ಲ ಅರ ಹಿಡಿದು ಸಣ್ಣ ಕೀಲಿಗೆ ಹಲ್ಲು ಕೊರೆದ ಹತ್ತು ಬೆರಳುಗಳು. ಅತ್ತೆ ಹೇಳುತ್ತ ಹೋದರು, ಮಾವ ಕುಟ್ಟುತ್ತ ಹೋದರು. ಟೈಲರಮ್ಮ ನಡುನಡುವೆ, "ಇಲ್ಲಿ ನನಗೊಂದು ಮಾತು ಸೇರ್ಸಿ" ಎಂದು ಬೈಸಿಕೊಂಡಳು. ಚೂಟಿ ಚೀಲ ಹೆಗಲಿಗೇರಿಸಿ ಹೊರಟವಳು, ಮುಂದೇನಾಗುತ್ತದೋ ಕೇಳಿಯೇ ಹೋಗೋಣವೆಂದು ಅದನ್ನು ಮತ್ತೆ ಇಳಿಸಿದಳು. ದೀಪ ಹಚ್ಚುವ ಹೊತ್ತಿಗೆ ಓರಗಿತ್ತಿಯರೆಲ್ಲ ಅಡುಗೆಮನೆಯ ಬಾಗಿಲಲ್ಲಿ ಒಬ್ಬರನ್ನೊಬ್ಬರು ತಬ್ಬಿಕೊಂಡು ಬೈದಾಡುವ ದೃಶ್ಯ ಮುಗಿದಿತ್ತು. ಟೈಲರಮ್ಮ ನಿಜವಾಗಿಯೂ ಮೂಗು ಒರೆಸಿಕೊಳ್ಳುತ್ತಿದ್ದಳು.

"ಸೇವ್ ಮಾಡಿದ್ರಾ?" ಎಂದರು ಅತ್ತೆ.

"ಮಾಡ್ದೆ."

"ಎಲ್ಲಿ?"

ಮಾವ ಅತ್ತ ಇತ್ತ ನೋಡಿದರು. "ಭದ್ರವಾದ ಜಾಗದಲ್ಲಿದೆ."

"ಎಲ್ಲೀಂದ್ರೆ?"

"ಇಷ್ಟು ಜನರ ಮುಂದೆ ಹೇಗೆ ಹೇಳ್ಲಿ?"

ಅತ್ತೆ ಸೊಂಟಕ್ಕೆ ಕೈಯಿಟ್ಟರು. "ಹೇಳ್ತೀರೋ, ಇಲ್ಲಾ ಕೊನೇ ದೃಶ್ಯಕ್ಕೆ ಬೀಗದ ಮುದುಕನೊಬ್ಬನ್ನ ತಂದು ಹಾಕ್ಲೋ?"

ಸದಾ ಪಿಸುಗುಟ್ಟುವ ಮಾವ ಅಂದು ಎದುರು ಮನೆಯವರಿಗೂ ಕೇಳುವಷ್ಟು ಗಟ್ಟಿಯಾಗಿ, ಯಾವ ಫೋಲ್ಡರು, ಅದರೊಳಗೆ ಯಾವ ಫೋಲ್ಡರು ಎಂದು ಎಲ್ಲವನ್ನೂ ಹೇಳಿಬಿಟ್ಟರು.